ನಮ್ಮ ಎಡಿಟರ ಫೈನಲ್‌ಗಳು

ಮುಂಬಯಿಯ ಆಂಟಾಪ್ ಹಿಲ್‌ನ ಕೇಂದ್ರ ಸರ್ಕಾರಿ ಕ್ವಾರ್ಟರ್ಸ್ ದಾಟಿ ಗಲ್ಲಿಯೊಳಗೆ ಹೊಕ್ಕರೆ ಒಂದು ಕೋಣೆಯ ಕಿಟಕಿಗೆ ಹಾಡಹಗಲಲ್ಲೂ ಕಪ್ಪು ಬಟ್ಟೆ. ಒಳಗೆ ಸೂತಕವೇನಿಲ್ಲ, ಪರದೆಯ ಮೇಲೆ ಬಣ್ಣ ಸರಿಯಾಗಿ ಕಾಣಬೇಕಲ್ಲ, ಅದಕ್ಕೆ. ಕಡಿಮೆ ಬಜೆಟ್ಟಿನ ಕಲಾತ್ಮಕ ಚಿತ್ರಗಳ ಎಡಿಟರು ಇಲ್ಲಿ ವಾಸ. ಸಿನಿಮಾದವರೆಲ್ಲ ಅಂಧೇರಿ, ವರ್ಸೋವಾದಲ್ಲಿರುವಾಗ ಇವರೇಕೆ ಇಲ್ಲಿ? ನಿರ್ದೇಶಕರು ಕೊಟ್ಟ ಮಾತನ್ನು ಅಂಧೇರಿಯ ಮನೆಮಾಲೀಕರು ಬಾಡಿಗೆಯಾಗಿ ಒಪ್ಪುವುದಿಲ್ಲ. ಆದ್ದರಿಂದ ಜಿಟಿಬಿ ನಗರದಲ್ಲಿ ಹಾರ್ಬರ್ ಲೋಕಲ್ ಹತ್ತಿ, ವಡಾಲಾದಲ್ಲಿ ಬದಲಿಸಿ, ಹಾರ್ಡ್ ಡಿಸ್ಕನ್ನು ಬಾಣಂತಿ ಕೂಸನ್ನು ಅವುಚಿದಂತೆ ಅವುಚಿಕೊಂಡು ಓಡಾಡುತ್ತಾರೆ. ಅದರೊಳಗೆ ಯಾರದೋ ಹೆಂಡತಿಯ ಒಡವೆ ಅಡವಿಟ್ಟು ತೆಗೆದ ಚಿತ್ರವಿರುತ್ತದೆ.

ಸೆಕೆಂಡಿಗೆ 24 ಫ್ರೇಮಿನ ಲೆಕ್ಕದಲ್ಲಿ ಒಂದು ಗಂಟೆಯ ಚಿತ್ರಕ್ಕೆ 86,400 ಫ್ರೇಮು. ಒಂದು ದಿನಕ್ಕೂ ಅಷ್ಟೇ ಸೆಕೆಂಡು. ಅದಕ್ಕೇ ಇರಬೇಕು, ನಿರ್ಮಾಪಕರು "ಒಂದು ದಿನದ ಕೆಲಸ ತಾನೇ?" ಎನ್ನುವುದು.

ರೀಲಿನ ಕಾಲದಲ್ಲಿ ಫಿಲಂ ದುಬಾರಿ. ಕ್ಯಾಮೆರಾ ಓಡುವ ಮೊದಲು ನಿರ್ದೇಶಕರು ಯೋಚಿಸುತ್ತಿದ್ದರು. ಮೆಮೊರಿ ಕಾರ್ಡು ಬಂದ ಮೇಲೆ ಆ ಯೋಚನೆಯೂ ಎಡಿಟರ ಪಾಲಿಗೆ ಬಂದಿದೆ, ಅದಕ್ಕೆ ಬೇರೆ ಸಂಭಾವನೆಯಿಲ್ಲ. ಎಮ್ಮೆಯೊಂದು ಕೆರೆಗಿಳಿಯುವ ಶಾಟು ಏಳು ನಿಮಿಷ.

"ಸಾರ್, ಎಮ್ಮೆ ಇಳಿದಾಯ್ತಲ್ಲ, ಕತ್ತರಿಸಲಾ?"

"ಇಳಿದ ಮೇಲೊಂದು ಮೌನ ಇದೆ ನೋಡಿ. ಚಿತ್ರದ ಜೀವ ಅಲ್ಲೇ ಇರೋದು."

ಎಮ್ಮೆ ನಿರ್ದೇಶಕರ ಮಾವನದು, ಮಾವನೇ ನಿರ್ಮಾಪಕರು ಎಂಬುದು ಮೂರನೆಯ ಸಲ ಕತ್ತರಿಸುವ ಹೊತ್ತಿಗೆ ತಿಳಿಯುತ್ತದೆ. ಕಂಪ್ಯೂಟರಿನಲ್ಲಿ ಆಗಲೇ 'ಫೈನಲ್', 'ಫೈನಲ್ ಹೊಸದು', 'ಮಾವ ನೋಡಿದ ಫೈನಲ್', 'ದೇವರಾಣೆ ಫೈನಲ್' ಸಾಲಾಗಿ ಕೂತಿರುತ್ತವೆ. ಚಿತ್ರೋತ್ಸವಕ್ಕೆ ಹೋಗುವುದು ಮೊದಲನೆಯದೇ. ದುಡ್ಡು? ಗೋವಾದ ಫಿಲಂ ಬಜಾರಿನಲ್ಲಿ ಚಿತ್ರ ಮಾರಾಟವಾದ ಮೇಲೆ. ಬಜಾರು ವರ್ಷವರ್ಷವೂ ನಡೆಯುತ್ತದೆ, ಆ ಮಟ್ಟಿಗೆ ಭರವಸೆಗೆ ಕೊರತೆಯಿಲ್ಲ.

ಮಾಟುಂಗಾದ ಮೈಸೂರು ಅಸೋಸಿಯೇಷನ್ನಿನಲ್ಲಿ ಕನ್ನಡಿಗರು ಸಿಕ್ಕರೆ ಎಡಿಟರು ಒಂದು ಪ್ರಶ್ನೆ ಕೇಳದೆ ಬಿಡುವುದಿಲ್ಲ. 1970ರ 'ಸಂಸ್ಕಾರ' ಗೊತ್ತಲ್ಲ? ಕಥೆ ಅನಂತಮೂರ್ತಿ, ನಿರ್ದೇಶನ ಪಟ್ಟಾಭಿರಾಮ ರೆಡ್ಡಿ, ಪ್ರಾಣೇಶಾಚಾರ್ಯ ಗಿರೀಶ ಕಾರ್ನಾಡ್. ಎಲ್ಲರೂ ಪಟಪಟನೆ ಹೇಳುತ್ತಾರೆ. ಸಂಕಲನ ಯಾರದು? ಎಲ್ಲರಿಗೂ ತಟ್ಟನೆ ಕಾಫಿಯ ನೆನಪಾಗುತ್ತದೆ. "ಸ್ಟೀವನ್ ಕಾರ್ಟಾ!" ಎಂದು ಎಡಿಟರು ಅವರ ಬೆನ್ನಿಗೆ ಕೂಗುತ್ತಾರೆ. ರಾಷ್ಟ್ರಪತಿಗಳ ಸ್ವರ್ಣಪದಕ ಪಡೆದ ಚಿತ್ರಕ್ಕೇ ಈ ಗತಿಯಾದರೆ ಎಮ್ಮೆಯ ಚಿತ್ರದ್ದು ಕೇಳಬೇಕೆ?

ಹಾಗಾದರೆ ಹೊಟ್ಟೆಪಾಡು? ಮದುವೆ ವಿಡಿಯೋ. ಅಲ್ಲಿ ಮೌನ ಉಳಿಸಿ ಎನ್ನುವವರಿಲ್ಲ. ಬೀಗರ ಮುಖ ಎಲ್ಲೂ ಬಿಟ್ಟುಹೋಗಬಾರದು, ಅಷ್ಟೇ ಷರತ್ತು. ನಿಮ್ಮ ಮನೆಯಲ್ಲೂ ಮದುವೆಯಿದ್ದರೆ ಹೇಳಿ ಕಳಿಸಿ. ಅರ್ಧ ಹಣ ಮುಂಗಡ ಸಾಕು. ಕಲಾತ್ಮಕ ಚಿತ್ರವಾದರೆ ಮಾತ್ರ ಪೂರ್ತಿ, ಅದೂ ನಗದು.