ಮಗನಿಗೊಂದು ಸೊನ್ನೆ

ಗೆಳೆಯನ ಮನೆಯಿಂದ ಲಗ್ನಪತ್ರಿಕೆ ಬಂತು. ನಾಲ್ಕು ಮೂಲೆಗೂ ಅರಿಶಿನ, ಒಳಗೆ ಚಿನ್ನದ ಬಣ್ಣದ ಅಕ್ಷರದಲ್ಲಿ ‘ನಮ್ಮ ಹಿರಿಯ ಮಂಗನ ವಿವಾಹ ಮಹೋತ್ಸವ’. ಎಂಟುನೂರು ಪ್ರತಿ ಆಗಲೇ ಹಂಚಿ ಮುಗಿದಿತ್ತು. ಬೀಗರು ತಕರಾರು ಎತ್ತಲಿಲ್ಲ. ಮೊದಲೇ ಹೇಳಿದ್ದು ಒಳ್ಳೇದಾಯ್ತು ಅಂದರಂತೆ. ಪ್ರೆಸ್ಸಿನ ಹುಡುಗ ಮಾತ್ರ ಕೊಂಚವೂ ಅಳುಕದೆ, “ಫಾಂಟ್ ಪ್ರಾಬ್ಲಂ ಸಾರ್” ಅಂದ. ಪ್ರೂಫಿಗೆ ಸಹಿ ಹಾಕಿದವನು ಗೆಳೆಯನೇ. ಹಾಕುವಾಗ ಅವನ ಕಣ್ಣು ತನ್ನ ಹೆಸರಿನ ಹಿಂದಿನ ‘ಶ್ರೀಮಾನ್’ ಮೇಲಿತ್ತು.

ನಮ್ಮ ಹಿರಿಯರು ಇಂಥದ್ದನ್ನೆಲ್ಲ ಮುದ್ರಾರಾಕ್ಷಸನ ತಲೆಗೆ ಕಟ್ಟುತ್ತಿದ್ದರು. ಪಾಪ, ವಿಶಾಖದತ್ತನ ನಾಟಕದಲ್ಲಿ ರಾಕ್ಷಸ ಅಂದರೆ ನಂದರ ನಿಷ್ಠಾವಂತ ಮಂತ್ರಿ, ಮುದ್ರೆ ಅಂದರೆ ಅವನ ಉಂಗುರ. ಒಂದು ಅಚ್ಚುಮೊಳೆಯನ್ನೂ ಮುಟ್ಟಿದವನಲ್ಲ. ಇಂಗ್ಲಿಷರು ಅಚ್ಚುಕೂಟದಲ್ಲಿ ಚಾಕರಿ ಮಾಡುವ ಪೋರನನ್ನು ‘ಡೆವಿಲ್’ ಅಂದು ಸುಮ್ಮನಾದರು. ನಾವು ಅಮಾತ್ಯರಿಗಿಂತ ಕೆಳಗಿನವರನ್ನು ಬೈಯುವುದಿಲ್ಲ.

1631ರಲ್ಲಿ ಲಂಡನ್ನಿನ ರಾಬರ್ಟ್ ಬಾರ್ಕರ್, ಮಾರ್ಟಿನ್ ಲ್ಯೂಕಸ್ ಅಚ್ಚು ಹಾಕಿದ ಬೈಬಲ್ಲಿನಲ್ಲಿ ಒಂದೇ ಒಂದು ‘ನಾಟ್’ ಉದುರಿಹೋಗಿ, ವ್ಯಭಿಚಾರ ಕೂಡದೆಂಬ ಕಟ್ಟಳೆ ವ್ಯಭಿಚಾರ ಮಾಡತಕ್ಕದ್ದು ಎಂದಾಯಿತು. 300 ಪೌಂಡ್ ದಂಡ ಬಿತ್ತು, ಲೈಸೆನ್ಸೂ ಹೋಯಿತು. ಫಾಂಟ್ ಪ್ರಾಬ್ಲಂ ಅನ್ನಲು ಇಬ್ಬರಿಗೂ ಹೊಳೆಯಲಿಲ್ಲ.

ಮಂಗನೇನೋ ಎದುರಿಗೇ ಕೂತು ಹಲ್ಲು ಕಿರಿಯುತ್ತಾನೆ. ಈಗಿನ ರಾಕ್ಷಸ ಕಣ್ಣಿಗೇ ಬೀಳುವುದಿಲ್ಲ. ಕನ್ನಡದಲ್ಲಿ ಅನುಸ್ವಾರವೂ ಸೊನ್ನೆ, ಅಂಕಿಯೂ ಸೊನ್ನೆ. ಹೆಚ್ಚಿನ ಫಾಂಟುಗಳಲ್ಲಿ ಅವಳಿಜವಳಿ. ನಮಗೆ ಒಂದೇ, ಯುನಿಕೋಡಿಗೆ ಮಾತ್ರ ಬೇರೆ ಬೇರೆ. ಕೀಲಿಮಣೆಯಲ್ಲಿ ಅನುಸ್ವಾರ ಹುಡುಕಿ ಸುಸ್ತಾದವರು ಅಂಕಿಯನ್ನೇ ಒತ್ತಿ ಏಳುತ್ತಾರೆ. ಸೊನ್ನೆ ಕೂಡಿದರೂ ಕಳೆದರೂ ಸಂಖ್ಯೆ ಬದಲಾಗದು ಅಂತ ಬ್ರಹ್ಮಗುಪ್ತ 628ರಲ್ಲೇ ಬರೆದಿಟ್ಟ. ಅವನು ನಮ್ಮ ಕಚೇರಿಗಳಿಗೆ ಅಲೆದವನಲ್ಲ.

ಪರಿಚಯದ ಮಂಜುನಾಥನೊಬ್ಬ ಅಲೆದ. ಪಹಣಿಯಲ್ಲಿ ಹೆಸರಿತ್ತು, ಗುಮಾಸ್ತರು ಹುಡುಕಿದರೆ ಪರದೆಯ ಮೇಲೆ ‘ದಾಖಲೆ ಲಭ್ಯವಿಲ್ಲ’. ಯಾವ ಕಾಲದಲ್ಲೋ ಯಾರೋ ಅವನ ಹೆಸರಿನೊಳಗೆ ಅಂಕಿ ಕೂರಿಸಿದ್ದರು: ಮ೦ಜುನಾಥ. ದಿಟ್ಟಿಸಿ ನೋಡಿ, ಏನೂ ಕಾಣದು.

“ನೀವೇ ಮಂಜುನಾಥ ಅಂತ ಅಫಿಡವಿಟ್ ತನ್ನಿ.”

ತಂದ. ಛಾಪಾ ಕಾಗದ, ನೋಟರಿಯ ಮೊಹರು, ಇಬ್ಬರು ಸಾಕ್ಷಿಗಳ ಸಹಿ. ಗುಮಾಸ್ತರು ಕನ್ನಡಕ ಏರಿಸಿ ಪಹಣಿ ಪ್ರತಿಯನ್ನೂ ಅಫಿಡವಿಟ್ಟನ್ನೂ ಅಕ್ಕಪಕ್ಕ ಇಟ್ಟು ನೋಡಿದರು.

“ಎರಡೂ ಒಂದೇ ಇದೆಯಲ್ರೀ, ಇದನ್ನ ಯಾಕೆ ಮಾಡಿಸಿದ್ರಿ?”

ಮತ್ತೆ ಟೈಪು ಮಾಡಿದರು. ದಾಖಲೆ ಲಭ್ಯವಿಲ್ಲ.