ಫೋಟೊದಲ್ಲಿ ಇಲ್ಲದವನು

ಚಿನ್ನಪ್ಪ ಇದ್ದಾರೆ, ಹೊನ್ನಮ್ಮ ಇದ್ದಾರೆ, ಬೆಳ್ಳಿಯಪ್ಪನೂ ಇದ್ದಾರೆ. ಸತುವಪ್ಪ ಎಂಬವರನ್ನು ನಾನಂತೂ ಈತನಕ ಕಂಡಿಲ್ಲ. ಪಂಚಲೋಹದಲ್ಲಾದರೂ ಸತುವಿಗೆ ಖಾಯಂ ಜಾಗ ಉಂಟೇ ಎಂದರೆ ಅದೂ ಇಲ್ಲ. ಕೆಲವರ ಪಟ್ಟಿಯಲ್ಲಿ ಆ ಜಾಗ ತವರಕ್ಕೆ, ಕೆಲವರಲ್ಲಿ ಸೀಸಕ್ಕೆ. ಮದುವೆಮನೆಯಲ್ಲಿ ಬೆಳಗಿನಿಂದ ಎಲೆ ಹಾಕಿ, ನೀರು ಬಡಿಸಿ, ಗ್ರೂಪ್ ಫೋಟೊ ಹೊತ್ತಿಗೆ ಗ್ಯಾಸ್ ಸಿಲಿಂಡರ್ ತರಲು ಹೋದ ದೊಡ್ಡಮ್ಮನ ಮಗನ ಬಾಳು ಇದರದ್ದು.

ನಮ್ಮತ್ತಿಗೆ ಹೊಸ ಹಿತ್ತಾಳೆ ಕೊಳಗ ತಂದು, "ತಾಮ್ರ ಇದೆ, ಆರೋಗ್ಯಕ್ಕೆ ಒಳ್ಳೇದು" ಎಂದರು. "ಹಿತ್ತಾಳೆಯಲ್ಲಿ ಹೆಚ್ಚುಕಡಿಮೆ ಮೂರನೇ ಒಂದು ಪಾಲು ಸತು ಇರುತ್ತೆ ಅತ್ತಿಗೆ, ಆ ಹಳದಿ ಬಣ್ಣ ಬಂದಿದ್ದೇ ಅದರಿಂದ" ಎಂದೆ. ಅವರ ಮುಖ ಕೆಂಪಾಯಿತು. "ಹಾಗಾದ್ರೆ ಅಂಗಡಿಯವನು ಕಲಬೆರಕೆ ಕೊಟ್ಟಿದಾನೆ ಅನ್ನು!"

ಬೀದರಿನ ಬಿದರಿ ಹೂದಾನಿಯ ಕಥೆಯೂ ಇದೇ. ಅದರ ಮೈಯಲ್ಲಿ ಹತ್ತಕ್ಕೆ ಒಂಬತ್ತು ಪಾಲಿಗಿಂತ ಹೆಚ್ಚು ಸತು, ಉಳಿದದ್ದು ತಾಮ್ರ. ಕೋಟೆಯ ಮಣ್ಣಿಗೆ ನವಸಾಗರ ಬೆರೆಸಿ ತಿಕ್ಕಿದರೆ ಸತು ಕಪ್ಪಾಗುತ್ತದೆ, ಅದರ ಮೇಲೆ ಕೂರಿಸಿದ ಬೆಳ್ಳಿ ಬೆಳ್ಳಗೇ ಉಳಿಯುತ್ತದೆ. ನೋಡಿದವರೆಲ್ಲ "ಆಹಾ, ಬೆಳ್ಳಿ ಕುಸುರಿ!" ಎನ್ನುತ್ತಾರೆ.

ಹಾಗೆಂದು ಇದೇನು ಸುಲಭಕ್ಕೆ ಕೈಗೆ ಸಿಗುವ ಸಾಧು ಲೋಹವಲ್ಲ. ಅದಿರಿನಿಂದ ಬಿಡಿಸಲು ಸಾವಿರ ಡಿಗ್ರಿ ಆಸುಪಾಸಿನ ಕಾವು ಬೇಕು. ಸತುವೋ 907 ಡಿಗ್ರಿಗೇ ಆವಿಯಾಗಿ ಹೊರಡುತ್ತದೆ, ಗಾಳಿ ತಾಗಿದರೆ ಬಿಳಿ ಪುಡಿ. ಇಷ್ಟೆಲ್ಲ ಸೆಕೆಯಲ್ಲಿ ಕಾದು ಕೂತವನ ಕೈಗೆ ಬೂದಿ! ಇದನ್ನು ಹಿಡಿದು ಕೂಡಿಸಿದವರು ಉದಯಪುರದ ಹತ್ತಿರದ ಜಾವರ್‌ನವರು. ಬದನೆಕಾಯಿ ಆಕಾರದ ಮಣ್ಣಿನ ಮೂಸೆಗಳಿಗೆ ಅದಿರು ತುಂಬಿ, ಕುಲುಮೆಯಲ್ಲಿ ತಲೆಕೆಳಗಾಗಿ ನಿಲ್ಲಿಸಿ, ಆವಿಯನ್ನು ಕೆಳಗಿನ ತಂಪು ಗಡಿಗೆಗೆ ಇಳಿಸಿದರು. ಮೇಲೆ ಹೋಗುವುದನ್ನೇ ಕೆಳಗೆ ಬರಿಸಿದ ಈ ಬುದ್ಧಿಗೆ ನಾನು ಎರಡು ಕೈ ಜೋಡಿಸುತ್ತೇನೆ. 14ನೇ ಶತಮಾನದ ಹೊತ್ತಿಗೆ ಅಲ್ಲಿ ಇದು ದೊಡ್ಡ ಉದ್ಯಮ. ಬ್ರಿಸ್ಟಲ್‌ನ ವಿಲಿಯಂ ಚಾಂಪಿಯನ್ ಇಂಥದೇ ವಿಧಾನಕ್ಕೆ ಪೇಟೆಂಟ್ ಪಡೆದದ್ದು 1738ರಲ್ಲಿ. ಜಾವರ್‌ನವರು ಪೇಟೆಂಟ್ ಗೊಡವೆಗೆ ಹೋಗದೆ, ಬಳಸಿ ಮುಗಿದ ಮೂಸೆಗಳನ್ನೇ ಪೇರಿಸಿ ಮನೆಗೆ ಗೋಡೆ ಕಟ್ಟಿಕೊಂಡರು.

ಸತುವಿಗೆ ಸ್ವಂತ ಹೆಸರು ದಕ್ಕಿರುವುದು ಕೊಟ್ಟಿಗೆಯ ಮೇಲಿನ ಜಿಂಕ್ ಶೀಟಿನಲ್ಲಿ. ಅಲ್ಲೂ ತಗಡು ಕಬ್ಬಿಣದ್ದೇ, ಸತು ಕೂದಲೆಳೆಗಿಂತ ತೆಳುವಾದ ಹೊದಿಕೆ ಮಾತ್ರ. ಗೀರು ಬಿದ್ದರೂ ಮೊದಲು ಸವೆಯುವುದು ಸತು, ಆಮೇಲೆ ಕಬ್ಬಿಣ. ಇಷ್ಟು ಉಪಕಾರ ಮಾಡಿ ಆಷಾಢದ ಮಳೆಯಲ್ಲಿ ಅದು ಕೇಳಿಸಿಕೊಳ್ಳುವುದು "ಈ ಹಾಳು ಶೀಟಿನ ಗಲಾಟೆಯಲ್ಲಿ ಫೋನೂ ಕೇಳಲ್ಲ" ಎಂಬ ಬೈಗುಳ. ಟಾರ್ಚಿನ ಹಳೇ ಸೆಲ್ಲಿನ ಡಬ್ಬಿ, ಬೆವರುಸಾಲೆಗೆ ಹಚ್ಚುವ ಗುಲಾಬಿ ಲೋಶನ್, ಕ್ರಿಕೆಟಿಗರ ಮೂಗಿನ ಬಿಳಿ ಮುಲಾಮು ಎಲ್ಲದರಲ್ಲೂ ಸತು ಇದೆ. ಭತ್ತದ ಗದ್ದೆಗೂ ಜಿಂಕ್ ಸಲ್ಫೇಟ್ ಬೇಕು. ಅದಿಲ್ಲದೆ ಎಲೆ ಕಂದುಗಟ್ಟಿದರೆ ಮಾತ್ರ ರೈತ ನೆನೆಯುತ್ತಾನೆ.

ನಮ್ಮ ಮೈಯಲ್ಲೂ ಎರಡು ಮೂರು ಗ್ರಾಂ ಸತು ಇದೆ. ಮಕ್ಕಳಿಗೆ ಭೇದಿಯಾದಾಗ ಅದು ಸೋರಿಹೋಗುತ್ತದೆಂದೇ ವಿಶ್ವ ಆರೋಗ್ಯ ಸಂಸ್ಥೆ ಮತ್ತು ಯುನಿಸೆಫ್ 2004ರಿಂದ ಓಆರ್‌ಎಸ್ ಜೊತೆ ಜಿಂಕ್ ಮಾತ್ರೆಯನ್ನು 10ರಿಂದ 14 ದಿನ ಕೊಡಲು ಹೇಳುತ್ತಿವೆ. ನಾವೋ, ಭೇದಿ ನಿಂತ ದಿನವೇ ಉಳಿದ ಮಾತ್ರೆಗಳನ್ನು ಡಬ್ಬಿಗೆ ಹಾಕಿ ಮರೆಯುತ್ತೇವೆ. ಹಾಗೆ ಮಾಡಬೇಡಿ, ಡಾಕ್ಟರು ಹೇಳಿದಷ್ಟು ದಿನವೂ ಕೊಡಿ.