‘ಯಾವ್ದಾದ್ರೂ ಹಳೇ ಫುಟೇಜ್ ಹಾಕಿ’ ಎಂದ ನಿರ್ಮಾಪಕರಿಗೊಂದು ಬಹಿರಂಗ ಪತ್ರ

ಮಾನ್ಯರೇ,

ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದ ಬಗ್ಗೆ ತಾವು ಮಾಡಿಸುತ್ತಿರುವ ಸಾಕ್ಷ್ಯಚಿತ್ರದ ರಫ್ ಕಟ್ ನೋಡಿ ಅಪ್ಪಣೆ ಕೊಡಿಸಿದ ತಿದ್ದುಪಡಿಗಳು ತಲುಪಿದವು. ವೈ.ವಿ. ರಾವ್ ಕೊಲ್ಹಾಪುರದಲ್ಲಿ ತೆಗೆದ, 1934ರ ಮಾರ್ಚ್ 3ರಂದು ಬೆಂಗಳೂರಿನ ಪ್ಯಾರಾಮೌಂಟ್ ಟಾಕೀಸಿನಲ್ಲಿ ತೆರೆಕಂಡ ಆ ಚಿತ್ರದ ಒಂದು ಪ್ರಿಂಟೂ ಉಳಿದಿಲ್ಲ ಎಂದೆ. ‘ಅಷ್ಟೇ ತಾನೆ?’ ಎಂದಿರಿ. ಈ ಧೈರ್ಯ ಪಿ.ಕೆ. ನಾಯರ್ ಅವರಿಗೆ ಇದ್ದಿದ್ದರೆ ಪುಣೆಯ ಚಲನಚಿತ್ರ ಸಂಗ್ರಹಾಲಯಕ್ಕೆಂದು ರೀಲಿನ ಡಬ್ಬಿ ಹುಡುಕಿಕೊಂಡು ಊರೂರು ಅಲೆಯುವುದು ತಪ್ಪುತ್ತಿತ್ತು.

ತಪ್ಪು ರೀಲಿನದೇ ಬಿಡಿ. ಆ ಕಾಲದ್ದು ನೈಟ್ರೇಟ್ ಫಿಲ್ಮ್. ಹೊತ್ತಿಕೊಂಡರೆ ನೀರಿನೊಳಗೂ ಉರಿಯುತ್ತದೆ. ಬೆಂಕಿಯಿಂದ ಪಾರಾದ ರೀಲುಗಳಲ್ಲೂ ಎಷ್ಟೋ, ಫಿಲ್ಮಿನಲ್ಲಿರುವ ಬೆಳ್ಳಿಯಾಸೆಗೆ ಕರಗಿಹೋದವು.

ತಮ್ಮ ಮಾತಿನಂತೆ ಇಂದ್ರಜಿತುವಿನ ಪಾತ್ರದ ಎಂ.ವಿ. ಸುಬ್ಬಯ್ಯ ನಾಯ್ಡು ಅವರ ಜಾಗದಲ್ಲಿ ಬೇರಾವುದೋ ಪೌರಾಣಿಕ ಚಿತ್ರದವರನ್ನು ಕೂರಿಸಿದ್ದೇನೆ. ಕಿರೀಟ ಇಟ್ಟವರೆಲ್ಲ ಒಂದೇ ಥರ ಕಾಣ್ತಾರೆ ಎಂಬ ತಮ್ಮ ಸಂಶೋಧನೆ ನಿಜ. ಟಾಕೀಸಿನ ಮುಂದಿನ ಜನಸಂದಣಿಗೂ ಒಂದು ತುಣುಕು ಸಿಕ್ಕಿತು: ಪೇಟ ಸುತ್ತಿದವರು, ಜಟಕಾ, ಧೂಳು, ಎಲ್ಲ ಸರಿ. ಹನ್ನೊಂದನೇ ಸೆಕೆಂಡಿಗೆ ಎಡಗಡೆಯಿಂದ ಟ್ರಾಮ್ ನುಗ್ಗುತ್ತದೆ. ಬೆಂಗಳೂರಲ್ಲಿ ಟ್ರಾಮ್ ಓಡಿದ್ದೇ ಇಲ್ಲವಲ್ಲ ಎಂದು ಎಡಿಟರ್ ಹುಡುಗ ಅಡ್ಡಬಾಯಿ ಹಾಕಿದ. ಅವನಿಗಿನ್ನೂ ವಯಸ್ಸು ಚಿಕ್ಕದು. ಹತ್ತು ಸೆಕೆಂಡಿಗೇ ಕತ್ತರಿಸಿದ್ದೇವೆ.

ಅದು ಮೂಕಿ ಕಾಲದ ತುಣುಕು. ಕೈಯಲ್ಲಿ ತಿರುಗಿಸುತ್ತಿದ್ದ ಕ್ಯಾಮೆರಾ. ಸೆಕೆಂಡಿಗೆ ಸುಮಾರು 16 ಫ್ರೇಮ್. ಅದನ್ನು 24ರಲ್ಲಿ ಓಡಿಸಿದರೆ ಮುದುಕರೂ ದಡಬಡನೆ ಓಡುತ್ತಾರೆ. ವೇಗ ಸರಿಮಾಡೋಣವೆಂದರೆ ಬೇಡವೆಂದಿರಿ. ಹಳೇ ಕಾಲ ಅಂದ್ರೆ ಜನಕ್ಕೆ ಹಾಗೇ ಇರಬೇಕಂತೆ. ಅದೇ ಜನಕ್ಕೆ ಬಣ್ಣವೂ ಬೇಕು. ಎಐ ಬಳಿದ ಬಣ್ಣದಲ್ಲಿ ಪೇಟಗಳೆಲ್ಲ ಒಂದೇ ಕೇಸರಿಗೆ ತಿರುಗಿವೆ. ಒಂದೇ ಅಂಗಡಿಯ ಬಟ್ಟೆಯೆಂದು ಕಾಮೆಂಟರಿಯಲ್ಲಿ ಸೇರಿಸಲೇ?

ತಮ್ಮದು ಒಂಟಿ ದಾರಿಯೇನಲ್ಲ. 1917ರಲ್ಲಿ ರಷ್ಯಾದ ಚಳಿಗಾಲದ ಅರಮನೆಗೆ ಕ್ರಾಂತಿಕಾರರು ನುಗ್ಗಿದ ದೃಶ್ಯವೆಂದು ಎಷ್ಟೋ ಸಾಕ್ಷ್ಯಚಿತ್ರಗಳು ತೋರಿಸಿದ್ದು, ಹತ್ತು ವರ್ಷ ಕಳೆದಮೇಲೆ ನಿರ್ದೇಶಕ ಐಸೆನ್‌ಸ್ಟೈನ್ ‘ಅಕ್ಟೋಬರ್’ ಚಿತ್ರಕ್ಕಾಗಿ ಸಾವಿರಾರು ಜನರನ್ನು ಸೇರಿಸಿ ತೆಗೆದದ್ದು. ವ್ಯತ್ಯಾಸವಿಷ್ಟೇ: ಐಸೆನ್‌ಸ್ಟೈನ್ ತಾನು ಸಿನಿಮಾ ತೆಗೆಯುತ್ತಿದ್ದೇನೆಂದು ಹೇಳಿಯೇ ತೆಗೆದಿದ್ದ.

ನನ್ನದೊಂದು ಸಣ್ಣ ಆಸೆಯಿತ್ತು. ಕಪ್ಪು ಪರದೆಯ ಮೇಲೆ ‘ಈ ಚಿತ್ರ ಉಳಿದಿಲ್ಲ’ ಎಂಬ ಸಾಲು, ಸದ್ದಿಲ್ಲದೆ, ಹತ್ತು ಸೆಕೆಂಡು. ಮೊದಲ ಮಾತಿನ ಚಿತ್ರವನ್ನೇ ಕಳೆದುಕೊಂಡವರಿಗೆ ತೋರಿಸಲು ಅದಕ್ಕಿಂತ ಅಸಲಿ ಫುಟೇಜ್ ನನಗೆ ತಿಳಿದಿಲ್ಲ. ಟಿವಿ ಕೆಟ್ಟಿತೆಂದು ಜನ ಚಾನೆಲ್ ಬದಲಿಸ್ತಾರೆ ಎಂದಿರಿ. ಆ ಹತ್ತು ಸೆಕೆಂಡಿಗೇ ಜನಸಂದಣಿ ಬಂದಿದೆ.

ಕೊನೆಗೊಂದು ಬಿನ್ನಹ. ಟೈಟಲ್ ಕಾರ್ಡಿನಲ್ಲಿ ನನ್ನ ಹೆಸರು ‘ಸಂಶೋಧನೆ’ಯ ಕೆಳಗೆ ಬೇಡ, ‘ಕಥೆ’ಯ ಕೆಳಗೆ ಹಾಕಿಸಿ. ಕಥೆ ಬರೆಯುವವರಿಗೆ ತಾವು ಮುಂಗಡವೂ ಕೊಡುತ್ತೀರಂತೆ.

ಇತಿ,
ತಮ್ಮ ವಿಧೇಯ ಸಂಶೋಧಕ